ಕೋಮಾದಲ್ಲಿ ಒಂದು ಹ್ಞೂಂ

ನಮ್ಮ ಕುಸುಮತ್ತೆ ಫೋನಿನಲ್ಲಿ ಮಾತಾಡುವುದನ್ನು ಪಕ್ಕದ ಕೋಣೆಯಿಂದ ಕೇಳಿದರೆ ಅವಳು ಮಾತಾಡುತ್ತಿದ್ದಾಳೋ ಸುಮ್ಮನಿದ್ದಾಳೋ ತಿಳಿಯುವುದಿಲ್ಲ. ‘ಹ್ಞೂಂ’ ಎನ್ನುತ್ತಾಳೆ. ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು ‘ಹ್ಞೂಂ’. ಆ ಕಡೆಯವರು ಏನು ಹೇಳಿದರೂ ಈ ಕಡೆಯಿಂದ ಹೋಗುವುದು ಅದೊಂದೇ. ಆದರೆ ಆಮೇಲೆ ಅದೇ ಜನ ಅಮ್ಮನಿಗೆ ಸಿಕ್ಕಾಗ, ‘ಕುಸುಮಾ ಹತ್ರ ಮಾತಾಡಿ ಮನಸ್ಸು ಹಗುರ ಆಯ್ತು ಕಣ್ರೀ, ಎಷ್ಟು ಚೆನ್ನಾಗಿ ಸಮಾಧಾನ ಹೇಳಿದ್ರು’ ಎನ್ನುತ್ತಾರೆ. ಯಾವಾಗ ಹೇಳಿದಳು, ಏನು ಹೇಳಿದಳು ಎಂದು ನಾನು ಬಹಳ ಸಲ ಯೋಚಿಸಿದ್ದೇನೆ.

ಲೆಕ್ಕ ಇಡುವುದು ನನ್ನ ಚಾಳಿ. ಐದನೇ ಕ್ಲಾಸಿನಿಂದ ದಿನಚರಿ ಬರೆಯುತ್ತಿದ್ದೇನೆ. ಅದರಲ್ಲಿ ಭಾವನೆಗಳು ಕಡಿಮೆ, ತಾರೀಖುಗಳು ಹೆಚ್ಚು. ಹಲ್ಲು ಬಿದ್ದ ದಿನ, ಗ್ಯಾಸ್ ಮುಗಿದ ದಿನ, ಅಮ್ಮ ಒಂದು ತಿಂಗಳಲ್ಲಿ ಎಷ್ಟು ಸಲ ಉಪ್ಪಿಟ್ಟು ಮಾಡಿದಳು ಎಂಬುದಕ್ಕೆ ಅಡ್ಡಗೀಟುಗಳು. ಉಪ್ಪಿಟ್ಟಿನ ಪುಟವನ್ನು ಅಪ್ಪ ಒಮ್ಮೆ ಸಾಕ್ಷಿಯಾಗಿ ಅಮ್ಮನ ಮುಂದೆ ಹಿಡಿದರು. ‘ಎರಡನೇ ಸಲ ಹಾಕಿಸ್ಕೊಂಡಿದ್ದೆಷ್ಟು ದಿನ ಅಂತಾನೂ ಬರ್ದಿರ್ತಾಳೆ, ನೋಡಿ’ ಎಂದಳು ಅಮ್ಮ. ಬರೆದಿದ್ದೆ. ಅಪ್ಪ ಪುಸ್ತಕ ಮುಚ್ಚಿ ಕೊಟ್ಟರು. ಅಂಥ ನಾನು ಆರನೇ ಕ್ಲಾಸಿನ ದಸರಾ ರಜೆಯಲ್ಲಿ ಕುಸುಮತ್ತೆಯ ಹ್ಞೂಂಗಳಿಗೂ ಗೀಟು ಹಾಕಿದೆ. ಒಪ್ಪಿಗೆಯದ್ದು, ಬೇಸರದ್ದು, ‘ಅಯ್ಯೋ ಪಾಪ’ದ್ದು ಎಂದು ಬೇರೆ ಬೇರೆ ಸಾಲುಗಳು. ಅತ್ತೆ ಅದನ್ನು ನೋಡಿ ನಗಲಿಲ್ಲ.

‘ಅನುಮಾನದ್ದು ಬಿಟ್ಟಿದ್ದೀಯಲ್ಲೇ ಪುಟ್ಟಿ’ ಎಂದಳು. ಮಾಡಿಯೂ ತೋರಿಸಿದಳು. ಒಪ್ಪಿಗೆಯದಕ್ಕೂ ಅದಕ್ಕೂ ನನಗೆ ವ್ಯತ್ಯಾಸ ತಿಳಿಯಲಿಲ್ಲ. ನನ್ನ ಗೊಂದಲ ಅಲ್ಲಿಂದಲೇ ಶುರುವಾಯಿತೆಂದು ಈಗ ಅನ್ನಿಸುತ್ತದೆ.

ಕುಸುಮತ್ತೆ ಅಪ್ಪನ ಅಕ್ಕ. ಪದ್ಮನಾಭನಗರದ ನಮ್ಮ ಮನೆಯ ಮಹಡಿಯ ಮೇಲಿನ ಕೋಣೆಯೂ ಅದರ ಪುಟ್ಟ ಅಡಿಗೆಮನೆಯೂ ಅವಳವು. ಮದುವೆ ಆಗಲಿಲ್ಲ, ಯಾಕೆಂದು ಯಾರಾದರೂ ಕೇಳಿದರೆ ‘ಪುರುಸೊತ್ತಾಗ್ಲಿಲ್ಲ’ ಎನ್ನುತ್ತಾಳೆ. ವಯಸ್ಸಿನ ಹುಡುಗಿಯಾಗಿದ್ದಾಗಲೇ ರೇಡಿಯೋ ನಾಟಕಕ್ಕೆ ಸೇರಿದವಳು. ಅಲ್ಲಿ ರಾಣಿ, ಅಜ್ಜಿ, ಹಾಲಿನವಳು, ಶಾಲೆಗೆ ಹೋಗಲು ಹಟ ಮಾಡುವ ಹುಡುಗ, ಎಲ್ಲವೂ ಆದಳು. ಆಮೇಲೆ ಟಿವಿ ಧಾರಾವಾಹಿಗಳು ಬಂದವು. ಅಲ್ಲಿ ಮಾತ್ರ ಅವಳಿಗೆ ಸಿಕ್ಕಿದ್ದೆಲ್ಲ ಅಮ್ಮನ ಪಾತ್ರ. ‘ರೇಡಿಯೋದಲ್ಲಿ ಗಂಟಲು ನೋಡ್ತಿದ್ರು, ಇಲ್ಲಿ ತಲೆ ನೋಡ್ತಾರೆ. ನಾಲ್ಕು ಬಿಳಿ ಕೂದಲು ಕಂಡ ತಕ್ಷಣ ಅಮ್ಮ ಮಾಡಿಬಿಟ್ರು’ ಎನ್ನುತ್ತಾಳೆ.

ಆ ಹಟ ಮಾಡುವ ಹುಡುಗನ ವಿಷಯ ಹೇಳಲೇಬೇಕು. ನನಗಾಗ ನಾಲ್ಕೋ ಐದೋ ವರ್ಷ. ರೇಡಿಯೋ ನಾಟಕದ ಕಾಲ ಇಳಿಯುತ್ತಿದ್ದರೂ ಅತ್ತೆಗೆ ಆಗೊಮ್ಮೆ ಈಗೊಮ್ಮೆ ಕರೆ ಬರುತ್ತಿತ್ತು. ಅವಳು ಕೋಣೆಯ ಬಾಗಿಲು ಮುಂದೆ ಮಾಡಿಕೊಂಡು ತಾಲೀಮು ಮಾಡುವಳು. ಬಾಗಿಲ ಹೊರಗೆ ಕೂತ ನನಗೆ ಒಳಗೆ ಒಬ್ಬ ಹುಡುಗ ಅಳುತ್ತಿರುವುದು ಸ್ಪಷ್ಟವಾಗಿ ಕೇಳುತ್ತಿತ್ತು. ಅತ್ತೆ ಅವನನ್ನು ರಮಿಸುತ್ತಿದ್ದಳು. ಅವಳು ಬಾಗಿಲು ತೆರೆದರೆ ಹುಡುಗನಿಲ್ಲ! ಮಂಚದ ಕೆಳಗೆ ನೋಡಿದೆ, ಬೀರುವಿನ ಹಿಂದೆ ನೋಡಿದೆ. ಅತ್ತೆ ಅವನನ್ನು ನನ್ನಿಂದ ಬಚ್ಚಿಟ್ಟಿದ್ದಾಳೆಂದು ತೀರ್ಮಾನಿಸಿದೆ. ಹೊಟ್ಟೆಕಿಚ್ಚೂ ಆಯಿತು, ಅವನು ಹಸಿದಿರಬಹುದೆಂಬ ಮರುಕವೂ ಬಂತು. ದಿನಾ ನನ್ನ ಬಿಸ್ಕತ್ತಿನಲ್ಲಿ ಒಂದನ್ನು ಅವಳ ಮಂಚದ ಕೆಳಗೆ ಇಟ್ಟು ಬರುತ್ತಿದ್ದೆ. ಬಿಸ್ಕತ್ತು ಮಾಯವಾಗುತ್ತಿತ್ತು. ಇರುವೆಯೋ, ಇಲಿಯೋ, ಅತ್ತೆಯೇ ತಿನ್ನುತ್ತಿದ್ದಳೋ! ‘ಆ ಹುಡುಗನ್ನೇ ಕೇಳು’ ಎಂದೇ ಈಗಲೂ ಹೇಳುತ್ತಾಳೆ.

ಹ್ಞೂಂಗೆ ಬರುತ್ತೇನೆ. ಅದು ಅವಳ ಸ್ವಭಾವವಲ್ಲ, ಕಲಿತದ್ದು ಎಂದು ನನಗೆ ತಿಳಿದದ್ದು ಬಹಳ ತಡವಾಗಿ, ಡಿಗ್ರಿ ಮುಗಿಸಿ ಬ್ಯಾಂಕ್ ಪರೀಕ್ಷೆಗೆ ಓದುತ್ತಿದ್ದಾಗ. ರೇಡಿಯೋ ನಾಟಕ ಮಾಡಿಸುತ್ತಿದ್ದ ಮೇಷ್ಟ್ರು ಮೊದಲ ವಾರವೇ ಅವಳಿಗೆ ಹೇಳಿಕೊಟ್ಟರಂತೆ. ಮೈಕಿನ ಮುಂದೆ ಒಬ್ಬರು ಉದ್ದ ಮಾತಾಡುತ್ತಿರುವಾಗ ಇನ್ನೊಬ್ಬರು ಸುಮ್ಮನೆ ನಿಂತುಬಿಟ್ಟರೆ, ಮನೆಯಲ್ಲಿ ಕೂತು ಕೇಳುವವರು ಆ ಪಾತ್ರ ಎದ್ದು ಹೋಯಿತೆಂದೇ ತಿಳಿಯುತ್ತಾರೆ. ಕಾಣಿಸುವುದಿಲ್ಲವಲ್ಲ. ಹಾಗಾಗಿ ನಡುನಡುವೆ ಒಂದು ಹ್ಞೂಂ ಎನ್ನಬೇಕು, ಇಲ್ಲ ಉಸಿರು ಬಿಡಬೇಕು, ಕೊನೆಗೆ ಬಳೆಯನ್ನಾದರೂ ಆಡಿಸಬೇಕು. ‘ಕೇಳಿಸ್ಕೊಳ್ಳೋದು ಆಮೇಲೆ ಕಣೇ, ಮೊದ್ಲು ಇದ್ದೀನಿ ಅಂತ ತೋರಿಸ್ಬೇಕು’ ಎಂದು ಅತ್ತೆ ಇದನ್ನು ಬಹಳ ಸಲೀಸಾಗಿ ಹೇಳಿದಳು.

ನನಗೆ ಮಾತ್ರ ಸಲೀಸಾಗಿರಲಿಲ್ಲ. ಯಾಕೆಂದರೆ ಪಿಯುಸಿಯ ಮೊದಲ ವರ್ಷ ನಾನು ಹೊಸ ಕಾಲೇಜು ಸೇರಿ ಒಂಟಿಯಾಗಿಬಿಟ್ಟಿದ್ದೆ. ದಿನಕ್ಕೆ ಎಷ್ಟು ಜನ ತಾವಾಗಿ ನನ್ನನ್ನು ಮಾತಾಡಿಸಿದರು ಎಂದು ದಿನಚರಿಯಲ್ಲಿ ಗೀಟು ಹಾಕುತ್ತಿದ್ದೆ. ಕೆಲವು ದಿನ ಕಂಡಕ್ಟರನ್ನು ಸೇರಿಸಿಕೊಂಡರೇನೇ ಒಂದು ಗೀಟು ಬೀಳುತ್ತಿತ್ತು. ಇದನ್ನು ಅಪ್ಪ ಅಮ್ಮನಿಗೆ ಹೇಳಲಿಲ್ಲ. ಸಂಜೆ ಮಹಡಿಗೆ ಹೋಗಿ, ಅತ್ತೆ ಒಗ್ಗರಣೆ ಹಾಕುವಾಗ ಪಕ್ಕದಲ್ಲಿ ನಿಂತು ಎಲ್ಲ ಹೇಳುತ್ತಿದ್ದೆ. ಅವಳು ಬಾಣಲೆಯನ್ನೇ ನೋಡುತ್ತಾ ‘ಹ್ಞೂಂ’ ಎನ್ನುವಳು. ಬುದ್ಧಿವಾದವಿಲ್ಲ, ‘ಎಲ್ಲಾ ಸರಿಹೋಗತ್ತೆ’ ಇಲ್ಲ. ಅಷ್ಟೇ ಸಾಕಾಗಿ ನಾನು ಕೆಳಗಿಳಿದು ಬರುತ್ತಿದ್ದೆ. ಆ ವರ್ಷವನ್ನು ನಾನು ದಾಟಿದ್ದು ಆ ಹ್ಞೂಂಗಳನ್ನು ಹಿಡಿದುಕೊಂಡೇ. ಈಗ ನೋಡಿದರೆ ಅದು ಮೈಕಿನ ಮುಂದೆ ಕಲಿತ ಕಸುಬಂತೆ! ಹಾಗಾದರೆ ನಾನು ಹೇಳಿದ್ದನ್ನು ಅವಳು ಕೇಳಿಸಿಕೊಂಡಿದ್ದಳೋ, ಬರೀ ಇದ್ದಳೋ? ಕೇಳಿಬಿಡಬಹುದಿತ್ತು. ಕೇಳಲು ಧೈರ್ಯ ಸಾಲಲಿಲ್ಲ.

ಅಷ್ಟರಲ್ಲಿ ಧಾರಾವಾಹಿಯಲ್ಲಿ ಅತ್ತೆ ಮೆಟ್ಟಿಲಿನಿಂದ ಬಿದ್ದಳು.

ಬಿದ್ದದ್ದು ಭಾಗೀರಥಮ್ಮ. ಕೆಲವು ವರ್ಷಗಳಿಂದ ಅತ್ತೆ ಮಾಡುತ್ತಿದ್ದ ಪಾತ್ರ. ದೊಡ್ಡ ಮನೆಯ ಯಜಮಾನಿ, ಸೊಸೆಯನ್ನು ಮಗಳಂತೆ ನೋಡುವವಳು, ಎಲ್ಲರ ಕಷ್ಟಕ್ಕೂ ಕಿವಿಯಾಗುವವಳು. ಕಥೆಗೆ ತಿರುವು ಬೇಕಾಗಿತ್ತು. ಮೆಟ್ಟಿಲಿಗೆ ಎಣ್ಣೆ ಚೆಲ್ಲಿದರು. ಭಾಗೀರಥಮ್ಮ ಕೋಮಾಗೆ ಹೋದಳು. ‘ಸ್ವಲ್ಪ ದಿನ ಮಲಗಿರಿ ಮೇಡಂ, ಆಮೇಲೆ ನೋಡೋಣ’ ಎಂದರಂತೆ ನಿರ್ದೇಶಕರು. ಧಾರಾವಾಹಿಯವರ ಕೋಮಾಗೆ ಎರಡೇ ಬಾಗಿಲು. ಒಂದು ಎಚ್ಚರ, ಇನ್ನೊಂದು ಗೋಡೆಯ ಮೇಲೆ ಹಾರ ಹಾಕಿದ ಫೋಟೋ. ಯಾವುದೆಂದು ಯಾರಿಗೂ ಗೊತ್ತಿರಲಿಲ್ಲ. ಆದರೆ ಅದೇ ವಾರ ಸೆಟ್ಟಿನವರು ಅತ್ತೆಗೆ ರೇಷ್ಮೆ ಸೀರೆ ಉಡಿಸಿ, ನಗಿಸಿ, ಎದೆಯವರೆಗಿನ ಒಂದು ಫೋಟೋ ತೆಗೆದುಕೊಂಡರು. ‘ಯಾಕಪ್ಪಾ?’ ಎಂದರೆ ‘ಇರ್ಲಿ ಮೇಡಂ, ಸೇಫ್ಟಿಗೆ’ ಎಂದರಂತೆ.

ಬೇರೆಯವರಾಗಿದ್ದರೆ ಮಲಗಿರುವ ಕೆಲಸ ಸುಖವೆನ್ನುತ್ತಿದ್ದರು. ಅತ್ತೆ ಸೊರಗಿಹೋದಳು. ಅವಳ ಇಡೀ ಬದುಕು ಗಂಟಲಿನದು. ಬೆಳಿಗ್ಗೆ ಹೊಸಕೆರೆಹಳ್ಳಿಯ ಕಡೆಯ ಶೂಟಿಂಗ್ ಮನೆಗೆ ಹೋಗಿ, ಮೇಕಪ್ಪು ಹಚ್ಚಿಸಿಕೊಂಡು, ಮೂಗಿಗೆ ಕೊಳವೆ ಸಿಕ್ಕಿಸಿಕೊಂಡು, ಸಂಜೆಯವರೆಗೆ ಬಾಯಿ ಮುಚ್ಚಿ ಮಲಗಿ ಬರುತ್ತಿದ್ದಳು. ಮನೆಗೆ ಬಂದವಳೇ ಸಿಕ್ಕಸಿಕ್ಕದ್ದನ್ನು ಗಟ್ಟಿಯಾಗಿ ಓದುವಳು. ದಿನಪತ್ರಿಕೆಯ ನಿಧನ ವಾರ್ತೆ, ಸೋಪಿನ ಪುಡಿಯ ಪೊಟ್ಟಣ, ನನ್ನ ಬ್ಯಾಂಕ್ ಪರೀಕ್ಷೆಯ ಪುಸ್ತಕ. ‘ಅತ್ತಿಗೆ, ಸೋಪಿನ ಪುಡಿ ಓದಿ ನಂಗೆ ಅಳು ಬರ್ಸಿಬಿಟ್ರಲ್ಲ’ ಎಂದಳು ಅಮ್ಮ ಒಂದು ದಿನ.

ಆಮೇಲೆ ನಡೆದದ್ದನ್ನು ಹೇಳುವ ಮೊದಲು ಆ ಸೆಟ್ಟಿನ ಒಂದು ಪದ್ಧತಿ ಹೇಳಬೇಕು. ಅಲ್ಲಿ ಮಾತು ಬಾಯಿಪಾಠ ಮಾಡಲು ಯಾರಿಗೂ ಸಮಯವಿಲ್ಲ. ಕ್ಯಾಮೆರಾದ ಪಕ್ಕದಲ್ಲಿ ಒಬ್ಬ ಹಾಳೆ ಹಿಡಿದು ಒಂದೊಂದೇ ಸಾಲು ಹೇಳಿಕೊಡುತ್ತಾನೆ, ನಟರು ಅದನ್ನು ಕೇಳಿ ಅಭಿನಯಿಸಿ ಹೇಳುತ್ತಾರೆ. ಆಮೇಲೆ ಹೇಳಿಕೊಟ್ಟವನ ದನಿಯನ್ನು ಕತ್ತರಿಸಿ ತೆಗೆಯುತ್ತಾರೆ. ಅಂದು ಸೊಸೆಯ ಪಾತ್ರದ ಹುಡುಗಿ ಕೋಮಾದಲ್ಲಿದ್ದ ಭಾಗೀರಥಮ್ಮನ ಪಕ್ಕ ಕೂತು ತನ್ನ ಗುಟ್ಟು ಹೇಳಿಕೊಳ್ಳಬೇಕಿತ್ತು. ಗಂಡ, ಮಾವ ಎಲ್ಲರೂ ತವರಿನ ಸಂಬಂಧ ಕಡಿದುಕೋ ಎಂದಿದ್ದಾರೆ. ಆದರೂ ಅವಳು ಪ್ರತಿ ಶುಕ್ರವಾರ ದೇವಸ್ಥಾನದ ನೆಪದಲ್ಲಿ ತನ್ನ ಅಮ್ಮನನ್ನು ನೋಡಿ ಬರುತ್ತಿದ್ದಾಳೆ. ಹುಡುಗಿ ಒಂದು ಸಾಲು ಹೇಳಿ, ಮುಂದಿನ ಸಾಲು ಕಿವಿಗೆ ಬೀಳುವವರೆಗೆ ಬಿಕ್ಕುತ್ತಾ ತಡೆದಳು. ಆ ಖಾಲಿ ಜಾಗದಲ್ಲಿ, ಕೋಮಾದಲ್ಲಿದ್ದ ಅತ್ತೆ, ಮೆಲ್ಲಗೆ, ತುಟಿಯನ್ನೂ ಅಲುಗಿಸದೆ ‘ಹ್ಞೂಂ’ ಎಂದುಬಿಟ್ಟಿದ್ದಳು. ಸೆಟ್ಟಿನಲ್ಲಿ ಯಾರೂ ಗಮನಿಸಲಿಲ್ಲ. ಕತ್ತರಿಸುವವನು ಅದು ಹೇಳಿಕೊಟ್ಟವನ ದನಿಯಲ್ಲವೆಂದು, ಪಾತ್ರದ್ದೇ ಎಂದು ಉಳಿಸಿಕೊಂಡ.

ಪ್ರಸಾರವಾದ ಸಂಜೆ ನಾವೆಲ್ಲ ಟಿವಿಯ ಮುಂದೆ ಇದ್ದೆವು. ಅಮ್ಮ ಅವರೆಕಾಳು ಹಿಸುಕುತ್ತಿದ್ದಳು. ಹ್ಞೂಂ ಕೇಳಿದ ಕೂಡಲೇ ಅವಳ ಕೈಯಲ್ಲಿದ್ದ ಬೇಳೆ ಚಿಮ್ಮಿ ಅಪ್ಪನ ಕನ್ನಡಕಕ್ಕೆ ತಗುಲಿತು.

‘ಅತ್ತಿಗೆ! ನೀವು ಹ್ಞೂಂ ಅಂದ್ರಿ!’

‘ಯಾರು, ನಾನಾ?’

‘ನೀನೇ ಅಕ್ಕ. ಕೋಮಾದಲ್ಲಿರೋರು ಹ್ಞೂಂ ಅಂತಾರೇನೇ?’ ಎಂದರು ಅಪ್ಪ, ಕನ್ನಡಕ ಒರೆಸುತ್ತಾ.

ಅತ್ತೆ ಮೊಬೈಲಿನಲ್ಲಿ ಅದೇ ಭಾಗವನ್ನು ಮತ್ತೆ ಮತ್ತೆ ಹಾಕಿ ಕೇಳಿದಳು. ಕೊನೆಗೆ, ‘ಸ್ವಲ್ಪ ಬೇಗ ಆಯ್ತು. ಇನ್ನೊಂದು ಉಸಿರು ಬಿಟ್ಟು ಅನ್ಬೇಕಿತ್ತು’ ಎಂದಳು.

ನೋಡುವವರು ಸುಮ್ಮನಿರಲಿಲ್ಲ. ಭಾಗೀರಥಮ್ಮನಿಗೆ ಕೋಮಾ ಇಲ್ಲ, ಎಲ್ಲ ಬರೀ ನಾಟಕ, ಸೊಸೆಯ ಗುಟ್ಟು ತಿಳಿಯಲು ಕಣ್ಣು ಮುಚ್ಚಿ ಮಲಗಿದ್ದಾಳೆ ಎಂದು ಮೊಬೈಲುಗಳಲ್ಲಿ ಹರಿದಾಡಿತು. ಜಯನಗರ ಫೋರ್ತ್ ಬ್ಲಾಕಿನಲ್ಲಿ ಹೂ ಮಾರುವ ರತ್ನಮ್ಮ ಅದುವರೆಗೆ ಅತ್ತೆಯನ್ನು ಕಂಡರೆ ಸಾಕು, ಕೈ ಹಿಡಿದುಕೊಂಡು ತನ್ನ ಮನೆಯ ಕಥೆಯೆಲ್ಲ ಹೇಳುತ್ತಿದ್ದಳು. ಕೋಮಾ ಶುರುವಾದ ಮೇಲೆ, ಎದುರಿಗೇ ನಿಂತು ಮೊಳ ಅಳೆಯಿಸಿಕೊಳ್ಳುತ್ತಿದ್ದ ಅತ್ತೆಗೆ ‘ಬೇಗ ಹುಷಾರಾಗ್ರಮ್ಮ’ ಎಂದು ಒಂದು ಸಂಪಿಗೆ ಜಾಸ್ತಿ ಕೊಡುತ್ತಿದ್ದಳು. ಆ ಶನಿವಾರ ನಾನೂ ಜೊತೆಗಿದ್ದೆ. ರತ್ನಮ್ಮ ಹೂವನ್ನು ಪೊಟ್ಟಣ ಕಟ್ಟಿ, ಕೈಗೆ ಕೊಡದೆ ಬುಟ್ಟಿಯ ಅಂಚಿನಲ್ಲಿಟ್ಟಳು.

‘ಎಲ್ಲಾ ಕೇಳಿಸ್ಕೊಂಡೇ ಮಲ್ಗಿದ್ರಿ ಅಲ್ವ್ರಾ?’ ಎಂದಳು. ‘ನಾನೂ ಹುಚ್ಚಿ ಹಂಗೆ ನಿಮ್ತಾವ ನನ್ ಸೊಸೆ ವಿಷ್ಯ ಎಲ್ಲಾ ಒದರ್ಕೊಂಡೆ.’

‘ರತ್ನಮ್ಮ, ಅದು ಪಾತ್ರ ಕಣಮ್ಮ.’

‘ನಾನು ಹೇಳ್ದಾಗ್ಲೂ ನೀವು ಹ್ಞೂಂ ಹ್ಞೂಂ ಅಂತಾನೇ ಇದ್ರಿ’ ಎಂದಳು ರತ್ನಮ್ಮ. ಅತ್ತೆ ಬುಟ್ಟಿಯ ಅಂಚಿನಲ್ಲಿದ್ದ ಪೊಟ್ಟಣವನ್ನು ತಾನೇ ಎತ್ತಿಕೊಂಡಳು.

ನನಗೆ ವಿಚಿತ್ರವೆನಿಸಿತು. ಅತ್ತೆ ನಿಜವಾಗಿ ಕೇಳಿಸಿಕೊಂಡಿರಬಹುದೆಂದು ರತ್ನಮ್ಮನಿಗೆ ಭಯ. ಕೇಳಿಸಿಕೊಂಡಿರಲಿಲ್ಲವೇನೋ ಎಂದು ನನಗೆ ಭಯ. ಇಬ್ಬರಿಗೂ ಸಿಕ್ಕಿದ್ದು ಅದೇ ಹ್ಞೂಂ.

ಸೋಮವಾರ ನಿರ್ದೇಶಕರ ಫೋನು ಬಂತು. ಅತ್ತೆ ಸ್ಪೀಕರಿಗೆ ಹಾಕಿದಳು.

‘ಮೇಡಂ, ಸಖತ್ ಆಯ್ತು! ಚಾನೆಲ್‌ನವರು ಫುಲ್ ಖುಷ್. ನಾವು ಪ್ಲಾನ್ ಮಾಡಿದ್ರೂ ಇಂಥ ಟ್ವಿಸ್ಟ್ ಸಿಗ್ತಿರ್ಲಿಲ್ಲ. ನೀವು ಎದ್ದೇಳ್ತೀರ. ಇಷ್ಟು ದಿನ ಕೋಮಾ ನಾಟಕ ಆಡ್ತಿದ್ರಿ ಅಂತ. ಇನ್ಮೇಲೆ ನೀವೇ ವಿಲನ್.’

‘ಭಾಗೀರಥಮ್ಮನಾ? ಅವಳು ಅಂಥವಳಲ್ವಲ್ಲಪ್ಪ.’

‘ಇಲ್ಲಾಂದ್ರೆ ಇನ್ನೊಂದ್ ಟ್ರ್ಯಾಕ್ ಇದ್ದೇ ಇದೆ ಮೇಡಂ. ಫೋಟೋನೂ ರೆಡಿ ಇದೆ.’ ಅವರ ದನಿಯಲ್ಲಿ ಬೆದರಿಕೆಯಿರಲಿಲ್ಲ. ಊಟಕ್ಕೆ ಅನ್ನವೋ ಚಪಾತಿಯೋ ಎಂದು ಕೇಳಿದಂತಿತ್ತು.

ಹೀಗೆ ಅತ್ತೆಯ ಮುಂದೆ ಎರಡು ದಾರಿ. ದನಿ ಬೇಕಾದರೆ ಮೋಸಗಾತಿಯಾಗಬೇಕು. ಒಳ್ಳೆಯವಳಾಗಿಯೇ ಉಳಿಯಬೇಕಾದರೆ ಗೋಡೆಗೆ ಹೋಗಬೇಕು. ಅವಳ ವಯಸ್ಸಿಗೆ, ಗೋಡೆ ಹತ್ತಿದವರನ್ನು ಇನ್ನೊಂದು ಧಾರಾವಾಹಿ ಇಳಿಸಿಕೊಳ್ಳುವುದು ಕಷ್ಟ. ಅಪ್ಪ ‘ಒಪ್ಕೋ ಅಕ್ಕ, ವಿಲನ್‌ಗಳಿಗೇ ಡೈಲಾಗ್ ಜಾಸ್ತಿ’ ಎಂದರು. ಅಮ್ಮ ‘ಇಷ್ಟು ವರ್ಷದ ಒಳ್ಳೆತನ ಏನಾಗ್ಬೇಕು ಅತ್ತಿಗೆ, ನಾನು ಮಾರ್ಕೆಟ್ಟಿಗೆ ಹೋಗೋದು ಬೇಡ್ವಾ?’ ಎಂದಳು. ನಾನು ಒಂದು ಹಾಳೆಯ ನಡುವೆ ಗೆರೆ ಎಳೆದು ಲಾಭ ನಷ್ಟ ಬರೆದುಕೊಟ್ಟೆ. ಅತ್ತೆ ಅದನ್ನು ಗಟ್ಟಿಯಾಗಿ ಓದಿದಳು. ಅವಳ ದನಿಯಲ್ಲಿ ಎರಡೂ ಕಡೆ ಸರಿಯಾಗಿಯೇ ಕೇಳಿತು.

‘ಅತ್ತೆ, ನಿಜ ಹೇಳು. ಅವತ್ತು ಯಾಕೆ ಹ್ಞೂಂ ಅಂದೆ?’ ಎಂದೆ.

‘ಅಭ್ಯಾಸ ಕಣೇ’ ಎಂದಳು. ಮಾರನೇ ದಿನ ಬಟ್ಟೆ ಒಣಹಾಕುವಾಗ ನಾನು ಕೇಳದಿದ್ದರೂ, ‘ಆ ಹುಡುಗಿ ದಿನಾ ಸುಳ್ಳು ಅಳು ಅಳ್ತಾಳೆ. ಅವತ್ತು ನಿಜವಾಗ್ಲೂ ಅಳ್ತಿದ್ಲು. ಅವಳಿಗೂ ಮನೇಲೇನೋ ಇರ್ಬೇಕು. ಯಾರಾದ್ರೂ ಏನಾದ್ರೂ ಅನ್ಬೇಕಲ್ಲ’ ಎಂದಳು. ವಾರದ ಕೊನೆಗೆ, ‘ಆ ಮಂಚದ ಮೇಲೆ ನಾನೊಬ್ಳು ಇದ್ದೀನಿ ಅನ್ನೋದೇ ಎಲ್ರಿಗೂ ಮರ್ತೋಗಿತ್ತು. ನನ್ನ ಹೊಟ್ಟೆ ಮೇಲೆ ಕಾಫಿ ಲೋಟ ಇಟ್ಟಿದ್ರು ಪುಟ್ಟಿ’ ಎಂದಳು. ಮೂರೂ ಉತ್ತರ ತಾರೀಖಿನ ಸಮೇತ ನನ್ನ ಬಳಿ ಇವೆ. ಯಾವುದು ನಿಜವೆಂದು ಮಾತ್ರ ಬರೆದುಕೊಂಡಿಲ್ಲ.

ಅತ್ತೆ ಒಪ್ಪಿಕೊಂಡಳು. ಏಳುವ ದೃಶ್ಯದ ದಿನ ‘ನೀನೂ ಬಾರೆ’ ಎಂದು ನನ್ನನ್ನು ಕರೆದಳು. ಹಿಂದೆಂದೂ ಕರೆದವಳಲ್ಲ.

ದೃಶ್ಯ ಸರಳವಾಗಿತ್ತು. ಸೊಸೆ ಔಷಧಿ ಕುಡಿಸಲು ಬರುತ್ತಾಳೆ. ಭಾಗೀರಥಮ್ಮ ಫಕ್ಕನೆ ಕಣ್ಣು ಬಿಟ್ಟು, ಅವಳ ಮುಂಗೈ ಹಿಡಿದು, ‘ಇವತ್ತು ಶುಕ್ರವಾರ. ನಿಮ್ಮಮ್ಮನ್ನ ನೋಡೋಕೆ ಹೋಗಲ್ವಾ?’ ಎನ್ನಬೇಕು. ಆಮೇಲೆ ಮೆಲ್ಲಗೆ ನಗಬೇಕು. ನಿರ್ದೇಶಕರು ತಾವೇ ಮಾಡಿ ತೋರಿಸಿದರು. ಹುಬ್ಬು ಎತ್ತಿ, ಒಂದೊಂದು ಪದವನ್ನೂ ಕಚ್ಚಿ ಕಚ್ಚಿ.

ಹೇಳಿಕೊಡುವವನು ಸಾಲು ಹೇಳಿದ. ಅತ್ತೆ ಕಣ್ಣು ಬಿಟ್ಟಳು. ಹುಡುಗಿಯ ಕೈ ಹಿಡಿದಳು. ಹಿಡಿದು ತನ್ನ ಕಡೆಗೆ ಎಳೆದುಕೊಂಡಳು, ರೇಡಿಯೋದವರು ಮೈಕನ್ನು ಹತ್ತಿರ ಮಾಡಿಕೊಳ್ಳುವ ಹಾಗೆ. ಅದೇ ಮಾತು. ಒಂದು ಪದವನ್ನೂ ಬದಲಿಸಲಿಲ್ಲ. ಆದರೆ ಕಚ್ಚಲಿಲ್ಲ, ಕಿವಿಯ ಹತ್ತಿರ, ಉಸಿರಿಗಿಂತ ಸ್ವಲ್ಪ ಜಾಸ್ತಿ ದನಿಯಲ್ಲಿ, ಹೊತ್ತಾಯಿತು ಎಂದು ನೆನಪಿಸುವವಳಂತೆ ಹೇಳಿದಳು. ‘ಇವತ್ತು ಶುಕ್ರವಾರ. ನಿಮ್ಮಮ್ಮನ್ನ ನೋಡೋಕೆ ಹೋಗಲ್ವಾ?’

ಹುಡುಗಿ ಬೆಚ್ಚಿಬೀಳಬೇಕಿತ್ತು. ಔಷಧಿಯ ಲೋಟವನ್ನು ಹಾಗೇ ಹಿಡಿದುಕೊಂಡು ಅತ್ತೆಯ ಹೆಗಲಿಗೆ ಮುಖ ಒತ್ತಿ ಅತ್ತಳು. ಅತ್ತೆ ಹಾಳೆಯಲ್ಲಿದ್ದಂತೆ ಮೆಲ್ಲಗೆ ನಕ್ಕಳು ಕೂಡ. ಕಟ್ ಎನ್ನುವುದನ್ನು ಯಾರೋ ತಡವಾಗಿ ನೆನಪಿಸಿಕೊಂಡರು.

ನಿರ್ದೇಶಕರು ಮಾನಿಟರಿನಲ್ಲಿ ಎರಡು ಸಲ ನೋಡಿದರು. ತಲೆ ಕೆರೆದುಕೊಂಡರು.

‘ಮೇಡಂ, ತಪ್ಪು ಅಂತ ಹೇಳ್ತಿಲ್ಲ. ಆದ್ರೆ ಇದು... ಒಳ್ಳೇದಾ, ಕೆಟ್ಟದ್ದಾ?’

‘ನೀನು ಬರೆದಿದ್ದನ್ನೇ ಹೇಳಿದ್ದೀನಲ್ಲಪ್ಪ’ ಎಂದಳು ಅತ್ತೆ, ಮೂಗಿನ ಕೊಳವೆ ಬಿಚ್ಚುತ್ತಾ. ‘ಆಮೇಲೆ ಮ್ಯೂಸಿಕ್ ಹಾಕ್ತೀರಲ್ಲ. ಕೊಳಲು ಹಾಕಿದ್ರೆ ಒಳ್ಳೆಯವಳು, ಡೋಲು ಬಾರಿಸಿದ್ರೆ ಕೆಟ್ಟವಳು. ನೀವೇ ತೀರ್ಮಾನ ಮಾಡ್ಕೊಳ್ಳಿ.’

ಅವರು ಇನ್ನೊಂದು ಟೇಕ್ ಕೇಳಲಿಲ್ಲ. ಹುಡುಗಿಯ ಮುಖ ಊದಿಕೊಂಡಿತ್ತು, ಹೊತ್ತೂ ಮೀರಿತ್ತು. ‘ಇರ್ಲಿ, ನೋಡೋಣ’ ಎಂದರು. ಮುಂದಿನ ವಾರದ ದೃಶ್ಯಗಳಿಗೂ ಅತ್ತೆಗೆ ಬರಹೇಳಿದರು. ಅದರಲ್ಲಿ ಮಾತುಗಳಿದ್ದವು.

ವಾಪಸು ಬರುವಾಗ ಆಟೋದಲ್ಲಿ ನಾನು ಗೆದ್ದ ಉತ್ಸಾಹದಲ್ಲಿದ್ದೆ. ಇದೇ ಸಮಯ, ಪಿಯುಸಿಯ ಸಂಜೆಗಳ ವಿಷಯ ಕೇಳಿಯೇಬಿಡೋಣ ಎಂದು ಬಾಯಿ ತೆರೆಯುವಷ್ಟರಲ್ಲಿ ಅತ್ತೆಯೇ ಮಾತಾಡಿದಳು. ರಸ್ತೆಯ ಕಡೆ ನೋಡುತ್ತಾ, ಯಾವ ಪಾತ್ರದಲ್ಲೂ ನಾನು ಕೇಳಿರದ ಒಣ ದನಿಯಲ್ಲಿ.

‘ಅಲ್ವೇ ಪುಟ್ಟಿ, ಅವರು ಡೋಲೇ ಬಾರಿಸ್ತಾರೆ. ನಂಗೊತ್ತು. ನಾಳೆಯಿಂದ ಜನ ನನ್ ಹತ್ರ ಏನೂ ಹೇಳ್ಕೊಳ್ಳಲ್ಲ. ಎಲ್ರೂ ಹೇಳ್ತಿದ್ರು, ನಾನು ಹ್ಞೂಂ ಅಂತಿದ್ದೆ. ಎಷ್ಟು ಜನದ್ದು ನಿಜವಾಗಿ ಕೇಳಿಸ್ಕೊಂಡೆ, ಎಷ್ಟು ಜನಕ್ಕೆ ಸುಮ್ನೆ ಅಂದೆ, ನಂಗೇ ಗೊತ್ತಿಲ್ಲ ಕಣೇ. ಲೆಕ್ಕ ಇಟ್ಟಿಲ್ಲ. ನಾನು ಮಾಡಿದ್ದು ಮೋಸಾನಾ?’

ಹೇಳಬೇಕಾದದ್ದು ಬಹಳ ಇತ್ತು. ಅವಳು ಯಾರ ಮಾತನ್ನು ನಿಜವಾಗಿ ಕೇಳಿಸಿಕೊಂಡಳೋ ಅವರ ಪಟ್ಟಿಯಲ್ಲಿ ನಾನಿದ್ದೇನೆಯೇ ಎಂದು ಕೇಳಬೇಕಿತ್ತು. ಇಲ್ಲದಿದ್ದರೂ ಪರವಾಗಿಲ್ಲ ಎನ್ನಬೇಕಿತ್ತು. ಪರವಾಗಿಲ್ಲವೇ ಎಂಬುದು ನನಗೆ ಖಚಿತವಿರಲಿಲ್ಲ. ಆಟೋ ಸಿಗ್ನಲ್ಲಿನಲ್ಲಿ ನಿಂತಿತು. ಸುತ್ತ ಸ್ಕೂಟರುಗಳು ಬಂದು ಸೇರಿಕೊಂಡವು. ಕತ್ತಲಾಗುತ್ತಿದ್ದರಿಂದ ಅವಳ ಮುಖ ಸರಿಯಾಗಿ ಕಾಣುತ್ತಿರಲಿಲ್ಲ, ನನ್ನದೂ ಅವಳಿಗೆ ಕಾಣುತ್ತಿರಲಿಲ್ಲವೆಂದು ತೋರುತ್ತದೆ. ನಾನು ಸುಮ್ಮನಿದ್ದಷ್ಟೂ ಆ ಸೀಟಿನಲ್ಲಿ ಅವಳು ಒಬ್ಬಳೇ ಆಗುತ್ತಿದ್ದಾಳೆ ಎನ್ನಿಸಿತು.

‘ಹ್ಞೂಂ’ ಎಂದೆ.

ಅತ್ತೆ ತಟ್ಟನೆ ನನ್ನ ಕಡೆ ತಿರುಗಿದಳು.

‘ಯಾವ ಹ್ಞೂಂ ಅದು?’

‘ಗೊತ್ತಿಲ್ಲ ಅತ್ತೆ’ ಎಂದೆ. ನಿಜವಾಗಿಯೂ ಗೊತ್ತಿರಲಿಲ್ಲ. ಅವಳು ಇನ್ನೇನೂ ಕೇಳದೆ, ಸೀಟಿನ ಮೇಲಿದ್ದ ಚೀಲವನ್ನು ತೊಡೆಯ ಮೇಲೆ ಎತ್ತಿಟ್ಟುಕೊಂಡು, ನನ್ನ ಪಕ್ಕಕ್ಕೆ ಸರಿದು ಕೂತಳು.